ರಕ್ತಕೊಡಗೆಯೂ ಮೋಟಾರು ಪರಿಹಾರವೂ

ಕೋಲಾರ ಸೀಮೆಯ ಹಳ್ಳಿಗಳಲ್ಲಿ ಕೆರೆಯ ಏರಿಯ ಮೇಲೋ ಹೊಲದ ಬದುವಿನಲ್ಲೋ ಪಾಳುಬಿದ್ದ ಗುಡಿಯ ಮಗ್ಗುಲಲ್ಲೋ ವೀರಗಲ್ಲು ನಿಂತಿರುವುದು ಅಪೂರ್ವವಾದ ನೋಟವೇನಲ್ಲ. ಬಿ. ಎಲ್. ರೈಸ್ ಅವರು ೧೯೦೫ರಲ್ಲಿ ಪ್ರಕಟಿಸಿದ ಎಪಿಗ್ರಾಫಿಯಾ ಕರ್ನಾಟಿಕಾದ ಹತ್ತನೆಯ ಸಂಪುಟವು ಈ ಜಿಲ್ಲೆಯ ಶಾಸನಗಳಿಗೇ ಮೀಸಲಾದುದು. ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರ ಮೊದಲಾದ ತಾಲ್ಲೂಕುಗಳ ಕಲ್ಬರಹಗಳು ಕನ್ನಡ, ತಮಿಳು, ತೆಲುಗು ಮೂರು ನುಡಿಗಳಲ್ಲಿಯೂ ಅದರೊಳಗೆ ದೊರೆಯುತ್ತವೆ. ಬಾಣರು, ನೊಳಂಬರು, ಗಂಗರು ಒಬ್ಬರ ಮೇಲೊಬ್ಬರು ಏರಿ ಬರುತ್ತಿದ್ದ ಕಾಲದಲ್ಲಿ ತುರುಗಳನ್ನು ಮರಳಿಸಲು ಹೋಗಿ ಬಿದ್ದವರ ಹೆಸರುಗಳೇ ಅವುಗಳಲ್ಲಿ ಬಹಳ. ಮೂರಂತಸ್ತಿನ ಕಲ್ಲಿನಲ್ಲಿ ಕೆಳಗೆ ಕಾಳಗ, ನಡುವೆ ದೇವಕನ್ನಿಕೆಯರು ವೀರನನ್ನು ಒಯ್ಯುವುದು, ಮೇಲೆ ಕೈಲಾಸ: ಈ ಚಿತ್ರವನ್ನು ನೋಡಿದವರು ಅದರ ಬರೆಹದ ಕೊನೆಯ ಸಾಲುಗಳನ್ನು ಅಷ್ಟಾಗಿ ಗಮನಿಸುವುದಿಲ್ಲ. ಎಷ್ಟೋ ಕಲ್ಲುಗಳ ಆ ಸಾಲುಗಳಲ್ಲಿರುವುದು ಸ್ವರ್ಗದ ಮಾತಲ್ಲ, ಭೂಮಿಯ ಮಾತು; ಮಡಿದವನ ಮನೆಯವರಿಗೆ ಇಷ್ಟು ಗದ್ದೆ, ಇಷ್ಟು ಬೆದ್ದಲು ಬಿಡಲಾಯಿತೆಂಬ ಲೆಕ್ಕ.

ಈ ದತ್ತಿಗೆ ಕಾಲಕಾಲಕ್ಕೆ ಬೇರೆ ಬೇರೆ ಹೆಸರುಗಳಿದ್ದುವು. ಹಳೆಯ ಶಾಸನಗಳಲ್ಲಿ ಕಲ್ನಾಡು ಎಂದೂ, ಬಾಳ್ಗಳ್ಚು ಎಂದೂ ಕಾಣುತ್ತದೆ. ಬಾಳ್ಗಳ್ಚು ಎಂದರೆ ಕತ್ತಿಯನ್ನು ತೊಳೆದು ಕೊಟ್ಟುದು. ಮುಂದಿನ ಶತಮಾನಗಳಲ್ಲಿ ನೆತ್ತರುಗೊಡಗೆ, ರಕ್ತಕೊಡಗೆ ಎಂಬ ಹೆಸರುಗಳು ಬಳಕೆಗೆ ಬಂದುವು. ತಮಿಳು ಶಾಸನಗಳ ಉದಿರಪ್ಪಟ್ಟಿಯೂ ಅರ್ಥದಲ್ಲಿ ಅದೇ. ಕೊಡಗೆಯೆಂಬ ಮಾತು ಈ ಸೀಮೆಯವರಿಗೆ ಹೊಸದಲ್ಲ; ಕೆರೆಯನ್ನು ಕಟ್ಟಿಸಿದವನಿಗೂ ದುರಸ್ತಿಯಲ್ಲಿಟ್ಟವನಿಗೂ ಅದರ ಕೆಳಗೆ ಬಿಡುತ್ತಿದ್ದ ಭೂಮಿ ಕೆರೆಗೊಡಗೆ. ನೀರಿಗೂ ನೆತ್ತರಿಗೂ ಒಂದೇ ಬಗೆಯ ದತ್ತಿಯನ್ನು ಆ ಕಾಲದವರು ಏರ್ಪಡಿಸಿದ್ದರೆಂಬುದು ಗಮನಾರ್ಹವಾದ ಸಂಗತಿ.

ಇದಕ್ಕೆ ಪ್ರಸಿದ್ಧವಾದ ನಿದರ್ಶನವು ಕೋಲಾರದಿಂದ ಪಡುವಲಿಗಿರುವ, ಈಗ ಬೆಂಗಳೂರಿನೊಳಗೇ ಸೇರಿಹೋಗಿರುವ ಬೇಗೂರಿನದು. ಕುವಳಾಲಪುರವರೇಶ್ವರರೆಂದು, ಎಂದರೆ ಕೋಲಾರದ ಒಡೆಯರೆಂದು, ಬಿರುದಾಂತ ಗಂಗರ ಪೈಕಿ ಎರೆಯಪ್ಪನ ಕಾಲದಲ್ಲಿ ನಾಗತ್ತರನೆಂಬವನು ಬೀರಮಹೇಂದ್ರನ ಪಡೆಯೊಡನೆ ತುಂಬೆಪಾಡಿಯಲ್ಲಿ ಹೋರಾಡಿ ಮಡಿದನು. ಎರೆಯಪ್ಪನು ನಾಗತ್ತರನ ಪಟ್ಟವನ್ನು ಇರುಗನೆಂಬವನಿಗೆ ಕಟ್ಟಿ, ಬೆಂಪೂರು ಹನ್ನೆರಡನ್ನು ಕಲ್ನಾಡಾಗಿ ಕೊಟ್ಟನೆಂದು ಹೇಳುವ ಆ ಕಲ್ಲು ಬೆಂಗಳೂರಿನ ವಸ್ತುಸಂಗ್ರಹಾಲಯಕ್ಕೆ ಸೇರಿತು. ಹಳ್ಳಿಗಳ ಹೆಸರುಗಳನ್ನು ಒಂದೊಂದಾಗಿ ಅದರಲ್ಲಿ ಎಣಿಸಿದೆ. ಮುಂದೆ ವ್ಯಾಜ್ಯವಾಗಬಾರದೆಂಬ ಎಚ್ಚರವು ಆ ಎಣಿಕೆಯಲ್ಲಿ ಸ್ಪಷ್ಟವಾಗಿ ತೋರುತ್ತದೆ.

ಆದರೆ ಈ ಏರ್ಪಾಡನ್ನು ಅತಿಯಾಗಿ ಹೊಗಳುವುದಕ್ಕೆ ಮುನ್ನ ಒಂದು ಮಾತನ್ನು ನೆನೆಯಬೇಕು. ಕೊಡಗೆ ಸಲ್ಲುತ್ತಿದ್ದುದು ಸಾವಿಗಲ್ಲ, ಸಾಹಸಕ್ಕೆ. ಒಡೆಯನಿಗಾಗಿಯೋ ಊರಿಗಾಗಿಯೋ ಸತ್ತವನ ಮನೆಗೆ ಭೂಮಿ ಬಂದಿತು. ಸಂತೆಯಿಂದ ಮರಳುವಾಗ ಗಾಡಿಯ ಚಕ್ರಕ್ಕೆ ಸಿಕ್ಕಿ ಸತ್ತವನಿಗೆ ಕಲ್ಲೂ ಇಲ್ಲ, ಕೊಡಗೆಯೂ ಇಲ್ಲ.

ಗಾಡಿಗೆ ಸಿಕ್ಕಿ ಸತ್ತವನ ವಿಷಯವನ್ನು ಧರ್ಮಶಾಸ್ತ್ರಕಾರರು ಯೋಚಿಸಲಿಲ್ಲವೆಂದಲ್ಲ. ಮನುಸ್ಮೃತಿಯ ಎಂಟನೆಯ ಅಧ್ಯಾಯದಲ್ಲಿ ಇದಕ್ಕೇ ಒಂದು ಪ್ರಕರಣವುಂಟು. ಎತ್ತಿನ ಮೂಗುದಾರ ಹರಿದರೆ, ನೊಗ ಮುರಿದರೆ, ಅಚ್ಚಾಗಲಿ ಚಕ್ರವಾಗಲಿ ಒಡೆದರೆ, ಸಾರಥಿಯು ದಾರಿ ಬಿಡಿರೆಂದು ಕೂಗಿಕೊಂಡಿದ್ದರೆ, ಇಂಥ ಹತ್ತು ಸಂದರ್ಭಗಳಲ್ಲಿ ದಂಡವಿಲ್ಲ. ಸಾರಥಿಗೆ ಕೌಶಲವಿಲ್ಲದೆ ಗಾಡಿ ದಾರಿತಪ್ಪಿ ಕೇಡಾದರೆ ಒಡೆಯನಿಗೆ ಇನ್ನೂರು ಪಣ ದಂಡ. ಸಾರಥಿ ಕುಶಲನಾಗಿದ್ದೂ ತಪ್ಪಿದರೆ ದಂಡವು ಅವನಿಗೇ. ಮನುಷ್ಯನು ಸತ್ತರೆ ಕಳ್ಳನಿಗೆ ಹೇಳಿದ ಅಪರಾಧವೇ ಅವನಿಗೆ ತಟ್ಟುತ್ತದೆ. ಯಾಜ್ಞವಲ್ಕ್ಯನಲ್ಲಿಯೂ ಇದಕ್ಕೆ ಸಮೀಪವಾದ ವಿಧಿಯಿದ್ದು, ಕಲ್ಯಾಣದಲ್ಲಿ ಆರನೆಯ ವಿಕ್ರಮಾದಿತ್ಯನ ಆಶ್ರಯದಲ್ಲಿದ್ದ ವಿಜ್ಞಾನೇಶ್ವರನು ಮಿತಾಕ್ಷರೆಯಲ್ಲಿ ಅದಕ್ಕೆ ವ್ಯಾಖ್ಯಾನ ಬರೆದಿದ್ದಾನೆ. ಒಡೆಯನ ಹೊಣೆ ಯಾವುದು, ಚಾಲಕನ ಹೊಣೆ ಯಾವುದು, ಯಂತ್ರದ ಕೇಡಿಗೆ ಯಾರು ಉತ್ತರ ಹೇಳಬೇಕು ಎಂಬ ಇಂದಿನ ನ್ಯಾಯಸ್ಥಾನಗಳ ಪ್ರಶ್ನೆಗಳೆಲ್ಲವೂ ಅಲ್ಲಿ ಬೀಜರೂಪವಾಗಿ ಇವೆ. ಇಲ್ಲದುದು ಒಂದೇ: ಆ ದಂಡದ ಹಣ ಅರಸನ ಬೊಕ್ಕಸಕ್ಕೆ ಹೋಗುತ್ತಿತ್ತು, ಸತ್ತವನ ಹೆಂಡತಿಯ ಕೈಗಲ್ಲ. ಕೊಲೆಗೆ ಪ್ರತಿಯಾಗಿ ಗೋವುಗಳನ್ನು ಸಲ್ಲಿಸುವ ವೈರದೇಯವೆಂಬ ಇನ್ನೂ ಹಳೆಯ ಪದ್ಧತಿಯನ್ನು ಧರ್ಮಸೂತ್ರಗಳು ಹೇಳುತ್ತವೆ. ಅದರಲ್ಲಿ ಕ್ಷತ್ರಿಯನಿಗೆ ಸಾವಿರ, ವೈಶ್ಯನಿಗೆ ನೂರು, ಶೂದ್ರನಿಗೆ ಹತ್ತು ಎಂದು ಪ್ರಾಣಕ್ಕೆ ಮೂರು ಬೆಲೆಗಳು. ಬೌಧಾಯನನ ಪ್ರಕಾರ ಆ ಗೋವುಗಳೂ ಅರಸನಿಗೇ ಸಲ್ಲತಕ್ಕವು.

ಮನೆಯ ಯಜಮಾನನು ಸತ್ತರೆ ಮನೆಗೆ ಬರುತ್ತಿದ್ದುದು ಪರಿಹಾರವಲ್ಲ, ಸಾಲಗಾರರು ಎಂಬುದಕ್ಕೆ ಕೋಲಾರದಲ್ಲಿಯೇ ಒಂದು ಗುರುತುಂಟು. ಹೈದರಾಲಿಯ ತಂದೆ ಫತೇ ಮಹಮ್ಮದನ ಗೋರಿಯು ಪಟ್ಟಣದ ಮಕಬರದಲ್ಲಿದೆ. ಅವನು ಕಾಳಗದಲ್ಲಿ ಮಡಿದ ಬಳಿಕ ದೊಡ್ಡಬಳ್ಳಾಪುರದಲ್ಲಿದ್ದ ಕುಟುಂಬವನ್ನು ಅಬ್ಬಾಸ್ ಕುಲಿ ಖಾನನು ಬಾಕಿಯ ನೆಪದಿಂದ ಸುಲಿದು, ಎಳೆಯರಾದ ಶಹಬಾಜನನ್ನೂ ಹೈದರನನ್ನೂ ಹಿಂಸೆಪಡಿಸಿದನೆಂದು ಚರಿತ್ರಕಾರರು ಹೇಳುತ್ತಾರೆ.

ಈಗ ನಮ್ಮ ನ್ಯಾಯಸ್ಥಾನಗಳಲ್ಲಿ ನಡೆಯುವ ಪರಿಹಾರದ ದಾವೆಯ ಮೂಲವು ಇದಾವುದರಲ್ಲಿಯೂ ಇಲ್ಲ. ಅದು ಇಂಗ್ಲೆಂಡಿನಿಂದ ಬಂದುದು. ಅಲ್ಲಿಯೂ ಆರಂಭವಾದುದು ರಸ್ತೆಯಲ್ಲಿಯೇ. ೧೮೦೮ರಲ್ಲಿ ಸಾರೋಟು ಮಗುಚಿ ಹೆಂಡತಿಯನ್ನು ಕಳೆದುಕೊಂಡವನೊಬ್ಬನ ದಾವೆಯಲ್ಲಿ ಲಾರ್ಡ್ ಎಲೆನ್‌ಬರೋ ಅವರು, ಮನುಷ್ಯನ ಮರಣವನ್ನು ಸಿವಿಲ್ ನ್ಯಾಯಸ್ಥಾನದಲ್ಲಿ ನಷ್ಟವೆಂದು ಹೇಳಿಕೊಳ್ಳುವಂತಿಲ್ಲವೆಂದು ತೀರ್ಮಾನಿಸಿದರು. ಕಾಲು ಮುರಿದವನು ಹಣ ಪಡೆಯಬಹುದು, ಸತ್ತವನ ಮಕ್ಕಳು ಪಡೆಯಲಾಗದು ಎಂಬ ವಿಪರೀತವು ಇದರಿಂದ ಉಂಟಾಯಿತು. ಡಿಯೋಡೆಂಡ್ ಎಂಬ ಒಂದು ಪುರಾತನ ಪದ್ಧತಿ ಮಾತ್ರ ಇತ್ತು. ಸಾವಿಗೆ ಕಾರಣವಾದ ಗಾಡಿಯನ್ನೋ ಕುದುರೆಯನ್ನೋ, ಅಥವಾ ಅದರ ಬೆಲೆಯನ್ನೋ ದೊರೆಯ ವಶಕ್ಕೆ ಒಪ್ಪಿಸುವುದು. ರೈಲ್ವೆ ಬಂದು ಜನ ಗುಂಪುಗುಂಪಾಗಿ ಸಾಯತೊಡಗಿದ ಮೇಲೆ ೧೮೪೬ರಲ್ಲಿ ಆ ಪದ್ಧತಿಯನ್ನು ರದ್ದುಮಾಡಿ, ಲಾರ್ಡ್ ಕ್ಯಾಂಬೆಲ್ ಅವರ ಕಾಯಿದೆಯಿಂದ ಕುಟುಂಬಕ್ಕೆ ದಾವೆಯ ಹಕ್ಕನ್ನು ಕೊಟ್ಟರು. ಅದೇ ಅಚ್ಚಿನಲ್ಲಿ ೧೮೫೫ರ ಹದಿಮೂರನೆಯ ಕಾಯಿದೆ, ಮಾರಣಾಂತಿಕ ಅಪಘಾತಗಳ ಕಾಯಿದೆ, ಇಂಡಿಯಕ್ಕೆ ಬಂದಿತು. ಹೆಂಡತಿ, ಗಂಡ, ತಂದೆತಾಯಿ, ಮಕ್ಕಳು ಇಷ್ಟೇ ಮಂದಿಗೆ, ಮರಣದಿಂದ ಅವರಿಗಾದ ನಷ್ಟಕ್ಕೆ ತಕ್ಕಷ್ಟು ಹಣ. ಒಟ್ಟುಕುಟುಂಬದಲ್ಲಿ ಅಣ್ಣನ ದುಡಿಮೆಯಿಂದ ಓದುತ್ತಿದ್ದ ತಮ್ಮನಿಗೂ ಅವನ ಮನೆಯಲ್ಲಿದ್ದ ವಿಧವೆ ಅಕ್ಕನಿಗೂ ಅದರಲ್ಲಿ ಸ್ಥಾನವಿಲ್ಲ. ಇಂಗ್ಲೆಂಡಿನ ಮನೆಯನ್ನು ಅಳೆದ ಗಜಕಡ್ಡಿಯಿಂದಲೇ ಇಲ್ಲಿಯ ಮನೆಯನ್ನೂ ಅಳೆದರೆಂದು ಹೇಳಿದರೆ ತಪ್ಪಾಗದು.

ಜೋಲಾರಪೇಟೆಯಿಂದ ಬೆಂಗಳೂರಿಗೆ ರೈಲು ೧೮೬೪ರಲ್ಲಿ ಮಾಲೂರಿನ ಮೇಲೆ ಹಾಯ್ದಿತಾದರೂ, ಈ ಸೀಮೆಯ ಪುರಾತನ ಹಾದಿ ಇರುವುದು ಅದರ ಬಡಗಲಿಗೆ. ಮುಳಬಾಗಿಲೆಂದರೆ ಮೂಡಲ ಬಾಗಿಲು. ಪ್ರಸ್ಥಭೂಮಿಯಿಂದ ಘಟ್ಟವಿಳಿದು ಕರಾವಳಿಯ ಕಡೆಗೆ ಹೋಗುವವರೆಲ್ಲ ದಾಟುತ್ತಿದ್ದ ಬಾಗಿಲು. ಕೋಲಾರ, ಮುಳಬಾಗಿಲು, ನಂಗಲಿ, ಪಲಮನೇರುಗಳ ಮೇಲೆ ಹೋಗುವ ಮದರಾಸು ರಸ್ತೆಯು ಹಿಂದೆ ನಾಲ್ಕನೆಯ ನಂಬರಿನ ರಾಷ್ಟ್ರೀಯ ಹೆದ್ದಾರಿಯಾಗಿದ್ದು, ಈಗ ಮುಳಬಾಗಿಲಿನವರೆಗೆ ಎಪ್ಪತ್ತೈದನೆಯ ನಂಬರಿನದಾಗಿದೆ. ಹೊಸ ಕಾಲದ ರಕ್ತ ಬಹುಮಟ್ಟಿಗೆ ಬೀಳುವುದು ಇಂಥ ದಾರಿಗಳ ಮೇಲೆ. ಹೆದ್ದಾರಿಯ ಒಂದು ಮಗ್ಗುಲಲ್ಲಿ ಊರು, ಇನ್ನೊಂದು ಮಗ್ಗುಲಲ್ಲಿ ಹೊಲ. ದನಕರುಗಳೊಡನೆ ಅದನ್ನು ದಾಟದೆ ಬೇಸಾಯವಿಲ್ಲ.

ಮೋಟಾರಿನ ವಿಷಯಕ್ಕೆ ಇಂಡಿಯದಲ್ಲಿ ಮೊದಲು ೧೯೧೪ರಲ್ಲಿಯೂ, ವಿಸ್ತಾರವಾಗಿ ೧೯೩೯ರಲ್ಲಿಯೂ ಕಾಯಿದೆಗಳಾದುವು. ಎರಡನೆಯದರ ಎಂಟನೆಯ ಅಧ್ಯಾಯವು ಅತ್ಯಂತ ಮುಖ್ಯವಾದುದು. ಮೂರನೆಯವರಿಗೆ ಆಗಬಹುದಾದ ಹಾನಿಗೆ ವಿಮೆಯಿಲ್ಲದೆ ಯಾವ ಮೋಟಾರೂ ಸಾರ್ವಜನಿಕ ರಸ್ತೆಗೆ ಇಳಿಯಕೂಡದೆಂಬ ಆ ನಿಯಮವು ಯುದ್ಧ ಮುಗಿದ ಮೇಲೆ, ೧೯೪೬ರ ಜುಲೈ ೧ರಿಂದ ಜಾರಿಗೆ ಬಂದಿತು. ಬಡವನಾದ ಲಾರಿಯ ಡ್ರೈವರಿನ ಮೇಲೆ ಡಿಕ್ರಿ ಪಡೆದು ಪ್ರಯೋಜನವೇನು? ಹಣ ಕೊಡಬಲ್ಲ ಕೈಯೊಂದು ದಾವೆಯ ಹಿಂದೆ ಬಂದು ನಿಂತಿತು. ಆದರೂ ಕೋರ್ಟಿನ ಫೀಜು, ವರ್ಷಾನುಗಟ್ಟಲೆಯ ವಿಚಾರಣೆ ಇವು ಉಳಿದೇ ಇದ್ದುವು. ೧೯೫೬ರ ತಿದ್ದುಪಡಿಯಿಂದ ಪ್ರತ್ಯೇಕವಾದ ನ್ಯಾಯಮಂಡಲಿಗಳನ್ನು ಏರ್ಪಡಿಸಲು ದಾರಿಯಾಯಿತು. ಜನರ ಬಾಯಲ್ಲಿ ಅದು ಎಂ.ಎ.ಸಿ.ಟಿ.; ಕರ್ನಾಟಕದಲ್ಲಿ ಜಿಲ್ಲಾ ನ್ಯಾಯಾಧೀಶರೂ ಹಿರಿಯ ಸಿವಿಲ್ ನ್ಯಾಯಾಧೀಶರೂ ಅದರ ಅಧಿಕಾರವನ್ನು ವಹಿಸುತ್ತಾರೆ.

ಮುಂದಿನ ತೊಡಕು ತಪ್ಪಿನ ರುಜುವಾತಿನದು. ಚಾಲಕನ ಅಜಾಗ್ರತೆಯನ್ನು ತೋರಿಸಿದ ಹೊರತು ಪರಿಹಾರವಿಲ್ಲವೆಂದು ಸುಪ್ರೀಂ ಕೋರ್ಟು ೧೯೭೭ರಲ್ಲಿ ಖಂಡಿತವಾಗಿ ಹೇಳಿತು. ಇರುಳಿನಲ್ಲಿ, ಸಾಕ್ಷಿಯಿಲ್ಲದ ದಾರಿಯಲ್ಲಿ ಸತ್ತವನ ಹೆಂಡತಿ ಅದನ್ನು ತೋರಿಸುವುದು ಹೇಗೆ? ಪಾರ್ಲಿಮೆಂಟು ೧೯೮೨ರಲ್ಲಿ ಇದಕ್ಕೆ ಅರ್ಧ ಉತ್ತರ ಕೊಟ್ಟಿತು: ತಪ್ಪು ಯಾರದೇ ಆಗಲಿ, ಮರಣಕ್ಕೆ ೧೫,೦೦೦ ರೂಪಾಯಿ. ೧೯೮೮ರ ಹೊಸ ಕಾಯಿದೆಯಲ್ಲಿ ಅದು ೨೫,೦೦೦ ಆಗಿ, ೧೯೯೪ರಲ್ಲಿ ೫೦,೦೦೦ಕ್ಕೆ ಏರಿತು. ೨೦೧೯ರ ತಿದ್ದುಪಡಿಯ ಪ್ರಕಾರ ೨೦೨೨ರ ಏಪ್ರಿಲ್ ೧ರಿಂದ ಈ ಬಗೆಯ ಮೊಬಲಗು ೫ ಲಕ್ಷ.

ತಪ್ಪಿನ ಪ್ರಶ್ನೆ ಹೀಗೆ ಸಡಿಲವಾಗುತ್ತ ಬಂದಂತೆ ಬೆಲೆಯ ಪ್ರಶ್ನೆ ಬಿಗಿಯಾಗುತ್ತ ಬಂದಿತು. ಸತ್ತವನು ತಿಂಗಳಿಗೆ ಏನು ಸಂಪಾದಿಸುತ್ತಿದ್ದನು? ಗುಮಾಸ್ತನಾಗಿದ್ದರೆ ಸಂಬಳದ ಚೀಟಿಯುಂಟು. ಶ್ರೀನಿವಾಸಪುರದ ಮಾವಿನ ತೋಟದವನಿಗೆ, ಮಾಲೂರಿನ ಕಡೆಯ ತರಕಾರಿಯವನಿಗೆ, ಹಿಪ್ಪುನೇರಳೆ ಬೆಳೆದು ಹುಳು ಸಾಕುವವನಿಗೆ ಸಂಬಳ ಕೊಡುವವರಾರು? ಇಲ್ಲಿಯೇ ರಕ್ತಕೊಡಗೆಯ ನೆನಪು ತಾನಾಗಿ ಬರುವುದು. ಬೇಸಾಯಗಾರನ ಮರಣದ ದಾವೆಗಳಲ್ಲಿ ನ್ಯಾಯಸ್ಥಾನಗಳು ಒಂದು ತರ್ಕವನ್ನು ಹಿಡಿದುವು. ಸುಪ್ರೀಂ ಕೋರ್ಟಿನ ೨೦೦೩ರ ಒಂದು ತೀರ್ಪಿನಲ್ಲಿ ಅದು ಸ್ಪಷ್ಟವಾಗಿದೆ. ಸತ್ತವನ ಭೂಮಿ ವಾರಸುದಾರರಿಗೆ ಉಳಿದೇ ಇರುತ್ತದೆ. ಆದುದರಿಂದ ಬೆಳೆಯ ವರಮಾನವನ್ನೆಲ್ಲ ನಷ್ಟವೆಂದು ಎಣಿಸಲಾಗದು, ಅವರಿಗೆ ನಷ್ಟವಾದುದು ಮೇಲ್ವಿಚಾರಣೆ ಮಾತ್ರ ಎಂಬುದು ಆ ತರ್ಕ. ಹಿಂದೆ ಮನುಷ್ಯನು ಸತ್ತನೆಂದು ಮನೆಗೆ ಭೂಮಿ ಬರುತ್ತಿತ್ತು. ಈಗ ಭೂಮಿ ಇದೆಯೆಂದು ಮನುಷ್ಯನ ಬೆಲೆ ಇಳಿಯಿತು.

ತರ್ಕದಲ್ಲಿ ಇದು ನಿರ್ದುಷ್ಟವೆಂದೇ ತೋರಬಹುದು. ಆದರೆ ಕೋಲಾರದ ಹೊಲವನ್ನು ಬಲ್ಲವರು ಇದನ್ನು ಸುಲಭವಾಗಿ ಒಪ್ಪಲಾರರು. ವರ್ಷಪೂರ್ತಿ ಹರಿಯುವ ಹೊಳೆಯಿಲ್ಲದ, ಕೊಳವೆಬಾವಿಯ ನೀರನ್ನು ನಂಬಿದ ಈ ಸೀಮೆಯಲ್ಲಿ ನೆಲವು ತಾನಾಗಿ ಏನನ್ನೂ ಕೊಡುವುದಿಲ್ಲ. ಯಾವ ಹೊತ್ತಿಗೆ ಕರೆಂಟು ಬಂದೀತೆಂದು ಕಾದು ನೀರು ಬಿಡುವುದು, ಟೊಮೇಟೋಗೆ ಕಡ್ಡಿ ನಿಲ್ಲಿಸುವುದು, ಬೆಲೆ ಬಿದ್ದೀತೋ ಏರೀತೋ ಎಂದು ಮಂಡಿಗೆ ಹೊತ್ತು ನೋಡಿ ಒಯ್ಯುವುದು ಇವೆಲ್ಲ ಮೇಲ್ವಿಚಾರಣೆಯೆಂಬ ಒಂದು ಮಾತಿನಲ್ಲಿ ಅಡಗುವ ಕೆಲಸಗಳಲ್ಲ. ಹೋದವನ ಕೈಯೇ ಇಲ್ಲಿ ಮುಕ್ಕಾಲು ಬೆಳೆ. ಕೂಲಿಯವನ ವಿಷಯದಲ್ಲಿ ನ್ಯಾಯಸ್ಥಾನಗಳು ಇದಕ್ಕಿಂತ ಉದಾರವಾದುವೆಂದೇ ಹೇಳಬೇಕು: ಗಾಯಗೊಂಡ ಕರ್ನಾಟಕದ ಒಬ್ಬ ಕೂಲಿಕಾರನ ದಾವೆಯಲ್ಲಿ, ಅವನು ತಾನಾಗಿ ಹೇಳಿಕೊಂಡ ೪,೫೦೦ ರೂಪಾಯಿಯ ತಿಂಗಳ ಗಳಿಕೆಯನ್ನು ದಾಖಲೆಯಿಲ್ಲವೆಂಬ ಕಾರಣದಿಂದ ೩,೦೦೦ಕ್ಕೆ ಇಳಿಸಿದ್ದುದು ಸರಿಯಲ್ಲವೆಂದು ಸುಪ್ರೀಂ ಕೋರ್ಟು ೨೦೧೧ರಲ್ಲಿ ಹೇಳಿತು. ದಾಖಲೆಯಿಲ್ಲದವರಿಗಾಗಿ ಕರ್ನಾಟಕದ ಲೋಕ ಅದಾಲತ್ತುಗಳು ಅಪಘಾತದ ವರ್ಷವನ್ನು ನೋಡಿಕೊಂಡು ಅಂದಾಜಿನ ವರಮಾನವನ್ನು ಗೊತ್ತುಮಾಡುವ ಒಂದು ಪಟ್ಟಿಯನ್ನು ಇಟ್ಟುಕೊಂಡಿವೆ. ಹೈಕೋರ್ಟೂ ಅದನ್ನು ಆಧರಿಸುವುದುಂಟು.

ಹೆಂಗಸಿನ ದುಡಿಮೆಗೆ ಬೆಲೆ ಕಟ್ಟಲು ಇನ್ನೂ ತಡವಾಯಿತು. ೧೯೯೪ರಲ್ಲಿ ಕಾಯಿದೆಗೆ ಸೇರಿದ ಅನುಬಂಧದಲ್ಲಿ ವರಮಾನವಿಲ್ಲದವರಿಗೆ ವರ್ಷಕ್ಕೆ ೧೫,೦೦೦ ರೂಪಾಯಿ. ಗೃಹಿಣಿಗೆ ಗಂಡನ ವರಮಾನದ ಮೂರರಲ್ಲೊಂದು ಪಾಲು. ಮೂರರಲ್ಲೊಂದು ಏಕೆ, ಅರ್ಧವೇಕಲ್ಲ ಎಂಬುದಕ್ಕೆ ಕಾರಣವನ್ನು ಯಾರೂ ಕೊಟ್ಟಂತಿಲ್ಲ. ೧೯೮೯ರಲ್ಲಿ ಜಮ್ಷೆಡ್‌ಪುರದಲ್ಲಿ ಬೆಂಕಿಗೆ ಸಿಕ್ಕಿ ಮಡಿದವರ ಮೊಕದ್ದಮೆಯಲ್ಲಿ, ೨೦೦೧ರಲ್ಲಿ, ಗೃಹಿಣಿಯ ಸೇವೆಯನ್ನು ತಿಂಗಳಿಗೆ ೩,೦೦೦ ರೂಪಾಯಿಯೆಂದು ಸುಪ್ರೀಂ ಕೋರ್ಟು ಎಣಿಸಿತು. ೨೦೨೧ರ ಜನವರಿಯ ತೀರ್ಪೊಂದರಲ್ಲಿ ಗೃಹಿಣಿಗೂ ಮುಂದಣ ಏಳಿಗೆಯ ಲೆಕ್ಕವನ್ನು ಸೇರಿಸತಕ್ಕದ್ದೆಂದಾಯಿತು. ಕೋಲಾರ ಜಿಲ್ಲೆಯ ಮಟ್ಟಿಗೆ ಇದರಲ್ಲಿ ಇನ್ನೊಂದು ಮುಖವುಂಟು. ಬೆಳಗ್ಗೆ ಸಂಜೆ ಹಾಲು ಕರೆದು ಡೈರಿಗೆ ಹಾಕುವವರಲ್ಲಿ ಹೆಂಗಸರು ಎಷ್ಟೋ ಮಂದಿ. ಹಾಲಿನ ಸಂಘದ ಪುಸ್ತಕದಲ್ಲಿ ಆಕೆಯ ಹೆಸರಿದ್ದರೆ ಅದೇ ಆಕೆಯ ಸಂಬಳದ ಚೀಟಿ. ಗಂಡನ ಹೆಸರಿನಲ್ಲಿ ಹಾಲು ಹೋಗುತ್ತಿದ್ದರೆ ಆಕೆ ನ್ಯಾಯಮಂಡಲಿಯ ಮುಂದೆ ವರಮಾನವಿಲ್ಲದವಳಾಗಿ ನಿಲ್ಲುವಳು.

ಲೆಕ್ಕದ ಕ್ರಮವು ಈಗ ಬಹುಮಟ್ಟಿಗೆ ಸ್ಥಿರವಾಗಿದೆ. ದೆಹಲಿಯ ಸಾರಿಗೆ ಸಂಸ್ಥೆಯ ಮೇಲಣ ಮೊಕದ್ದಮೆಯಲ್ಲಿ ೨೦೦೯ರ ಏಪ್ರಿಲಿನಲ್ಲಿ ಸುಪ್ರೀಂ ಕೋರ್ಟು ವಯಸ್ಸಿಗೆ ತಕ್ಕ ಗುಣಕಗಳ ಪಟ್ಟಿಯನ್ನು ಕೊಟ್ಟಿತು. ೨೦೧೭ರ ಅಕ್ಟೋಬರ್ ೩೧ರಂದು ಐವರು ನ್ಯಾಯಮೂರ್ತಿಗಳ ಪೀಠವು ಅದನ್ನು ಬಲಪಡಿಸಿ, ಸ್ವಂತ ಕಸುಬಿನವರಿಗೂ ಮುಂದಣ ಏಳಿಗೆಯನ್ನು ಎಣಿಸಬೇಕೆಂದು ವಿಧಿಸಿತು. ಉದಾಹರಣೆಗೆ, ಮೂವತ್ತನಾಲ್ಕು ವರ್ಷದ ಬೇಸಾಯಗಾರನೊಬ್ಬನ ತಿಂಗಳ ವರಮಾನವನ್ನು ೧೨,೦೦೦ ರೂಪಾಯಿಯೆಂದು ಒಪ್ಪಿದರೆಂದೂ, ಅವನಿಗೆ ಹೆಂಡತಿ, ಇಬ್ಬರು ಮಕ್ಕಳು, ತಾಯಿ ಇದ್ದರೆಂದೂ ಇಟ್ಟುಕೊಳ್ಳೋಣ. ಏಳಿಗೆಗಾಗಿ ನೂರಕ್ಕೆ ನಲವತ್ತು ಸೇರಿಸಿದರೆ ೧೬,೮೦೦. ಅವನ ಸ್ವಂತ ಖರ್ಚಿಗೆಂದು ಕಾಲುಭಾಗ ಕಳೆದರೆ ೧೨,೬೦೦; ವರ್ಷಕ್ಕೆ ೧,೫೧,೨೦೦. ಅವನ ವಯಸ್ಸಿನ ಗುಣಕ ೧೬ರಿಂದ ಗುಣಿಸಿದರೆ ೨೪,೧೯,೨೦೦ ರೂಪಾಯಿ. ಉತ್ತರಕ್ರಿಯೆಯ ವೆಚ್ಚ, ಆಸ್ತಿಯ ನಷ್ಟ, ಸಾಂಗತ್ಯದ ನಷ್ಟ ಎಂಬ ಸಣ್ಣ ಮೊಬಲಗುಗಳು ಇದರ ಮೇಲೆ.

ಅದೇ ಮನುಷ್ಯನನ್ನು ಅದೇ ರಸ್ತೆಯಲ್ಲಿ ಕೊಂದ ಲಾರಿ ನಿಲ್ಲದೆ ಹೋಗಿ, ಅದರ ನಂಬರು ಯಾರಿಗೂ ಸಿಗದೆ ಇದ್ದರೆ? ಆಗ ಗುಣಕವೂ ಇಲ್ಲ, ಏಳಿಗೆಯೂ ಇಲ್ಲ. ೧೯೮೨ರಲ್ಲಿ ಇಂಥ ಮರಣಕ್ಕೆ ೫,೦೦೦ ರೂಪಾಯಿ ಇತ್ತು. ೧೯೮೮ರ ಕಾಯಿದೆಯಲ್ಲಿ ೮,೫೦೦, ೧೯೯೪ರಿಂದ ೨೫,೦೦೦, ೨೦೨೨ರ ಏಪ್ರಿಲಿನಿಂದ ೨ ಲಕ್ಷ. ಮನೆಗಾದ ನಷ್ಟ ಒಂದೇ ಆಗಿದ್ದು, ಕೈಗೆ ಬರುವುದು ಹನ್ನೆರಡರಲ್ಲೊಂದು ಪಾಲಿಗೂ ಕಡಿಮೆ. ಆ ವ್ಯತ್ಯಾಸಕ್ಕೆ ಕಾರಣ ಓಡಿಹೋದವನ ಅಪರಾಧವೇ ಹೊರತು ಸತ್ತವನದಲ್ಲ. ಈ ೨ ಲಕ್ಷಕ್ಕೆ ನ್ಯಾಯಮಂಡಲಿಗೆ ಹೋಗಬೇಕಾಗಿಲ್ಲ. ತಹಶೀಲ್ದಾರರೇ ಮೊದಲಾದ ರೆವಿನ್ಯೂ ಅಧಿಕಾರಿಯು ವಿಚಾರಿಸಿ, ಜಿಲ್ಲಾಧಿಕಾರಿಗಳು ಮಂಜೂರು ಮಾಡತಕ್ಕದ್ದು. ಆದರೂ ಅರ್ಜಿ ಹಾಕುವವರೇ ವಿರಳರೆಂಬುದನ್ನು ಕಂಡು, ಪೋಲೀಸಿನವರು ಕುಟುಂಬಗಳಿಗೆ ಈ ಯೋಜನೆಯನ್ನು ತಿಳಿಸಬೇಕೆಂದು ಸುಪ್ರೀಂ ಕೋರ್ಟು ೨೦೨೪ರ ಜನವರಿಯಲ್ಲಿ ಆಜ್ಞಾಪಿಸಬೇಕಾಯಿತು.

ಕೂಲಿಯವರು ಟೆಂಪೋ, ಟ್ರೇಲರುಗಳಲ್ಲಿ ತುಂಬಿಕೊಂಡು ಕೆಲಸಕ್ಕೆ ಹೋಗುವ ಕಡೆಗಳಲ್ಲಿ ಇನ್ನೊಂದು ಕಷ್ಟವುಂಟು. ಸರಕಿನ ಬಂಡಿಯಲ್ಲಿ ಸುಮ್ಮನೆ ಕುಳಿತು ಹೋಗುವವರಿಗೂ ವಿಮೆ ಸಲ್ಲುತ್ತದೆಂದು ೧೯೯೯ರ ಕೊನೆಯಲ್ಲಿ ಹೇಳಿದ್ದ ಸುಪ್ರೀಂ ಕೋರ್ಟು, ೨೦೦೨ರ ಡಿಸೆಂಬರಿನಲ್ಲಿ ಅದನ್ನು ತಳ್ಳಿಹಾಕಿತು. ಸರಕಿನ ಒಡೆಯನೋ ಅವನ ಪ್ರತಿನಿಧಿಯೋ ಜೊತೆಯಲ್ಲಿದ್ದರೆ ವಿಮೆಯುಂಟು. ಬಸ್ಸಿಲ್ಲವೆಂದು ಹತ್ತಿದವನಿಗೆ ಇಲ್ಲ. ಅವನ ಮನೆಯವರು ಬಂಡಿಯ ಒಡೆಯನನ್ನೇ ಹಿಡಿಯಬೇಕು. ಆ ಒಡೆಯನಾದರೋ ಎಷ್ಟೋ ವೇಳೆ ಅದೇ ಊರಿನ, ಅವರಷ್ಟೇ ಸಾಲವಿರುವ ಮನುಷ್ಯ.

ಆಂಧ್ರದ ಗಡಿಯಲ್ಲಿರುವ ಮುಳಬಾಗಿಲು, ಶ್ರೀನಿವಾಸಪುರಗಳವರಿಗೆ ೧೯೯೪ರ ತಿದ್ದುಪಡಿಯಿಂದ ಒಂದು ಅನುಕೂಲವಾಯಿತು. ಅಪಘಾತವು ಚಿತ್ತೂರಿನ ಕಡೆ ನಡೆದಿದ್ದರೂ, ಕುಟುಂಬವು ತಾನು ವಾಸವಾಗಿರುವ ಸ್ಥಳದ ನ್ಯಾಯಮಂಡಲಿಯಲ್ಲಿಯೇ ಅರ್ಜಿ ಹಾಕಬಹುದು. ಅದೇ ತಿದ್ದುಪಡಿ ಅರ್ಜಿಯ ಕಾಲಮಿತಿಯನ್ನೂ ತೆಗೆದುಹಾಕಿತ್ತು. ೨೦೨೨ರ ಏಪ್ರಿಲ್ ೧ರಿಂದ ಆರು ತಿಂಗಳ ಗಡುವು ಮತ್ತೆ ಬಂದಿತು. ಇದಕ್ಕೆ ಪ್ರತಿಯಾಗಿ ಪೋಲೀಸಿನವರು ೪೮ ಗಂಟೆಗಳೊಳಗೆ ಮೊದಲ ವರದಿಯನ್ನೂ, ೯೦ ದಿನಗಳೊಳಗೆ ವಿವರವಾದ ವರದಿಯನ್ನೂ ನ್ಯಾಯಮಂಡಲಿಗೆ ಕಳುಹಿಸತಕ್ಕದ್ದೆಂದು ನಿಯಮವಾಗಿದೆ. ಆ ವರದಿಯನ್ನೇ ಮಂಡಲಿಯು ಅರ್ಜಿಯೆಂದು ಎಣಿಸಬಹುದು. ತೀರ್ಪಾದ ಮೇಲೆ ಎಳೆಯ ಮಕ್ಕಳ ಪಾಲನ್ನು ಕೈಗೆ ಕೊಡದೆ, ಅವರು ಪ್ರಾಪ್ತವಯಸ್ಕರಾಗುವವರೆಗೆ ಬ್ಯಾಂಕಿನಲ್ಲಿ ಠೇವಣಿಯಿಡಿಸುವುದು ವಾಡಿಕೆ. ಬಡ್ಡಿಯು ತಾಯಿಗೆ ತಿಂಗಳು ತಿಂಗಳು ಸಲ್ಲುವಂತೆ ನ್ಯಾಯಾಧೀಶರು ಬರೆಯುವುದುಂಟು. ಮದುವೆಗೋ ಓದಿಗೋ ಅಸಲು ಬೇಕಾದರೆ ತಿರುಗಿ ಅರ್ಜಿ ಹಾಕಿ, ಮಂಡಲಿಯ ಅಪ್ಪಣೆಯನ್ನು ಪಡೆಯಬೇಕು.